ಬೆನ್ನು ಹತ್ತಿದ ಮೈನಾ

ನನಗೊಂದು ಚಟವಿದೆ. ಕೆಲವು ವರ್ಷ ನಿಪ್ಪಾಣಿಯಲ್ಲಿ ಇದ್ದವಳು ಎಂದ ಕೂಡಲೇ ನಿಮ್ಮ ಮನಸ್ಸು ತಂಬಾಕಿನ ಕಡೆ ಓಡುವುದು ಸಹಜ, ಆದರೆ ಅದಲ್ಲ. ರಸ್ತೆಯಲ್ಲಿ ಹಳೆಯ ಮೊಪೆಡ್ಡಿನ ಹೊಗೆ ಮೂಗಿಗೆ ಬಡಿದರೆ ಸಾಕು, ನಾನು ತಟ್ಟನೆ ಹಿಂದೆ ತಿರುಗಿ ನೋಡುತ್ತೇನೆ. ಪೆಟ್ರೋಲಿನಲ್ಲಿ ಆಯಿಲ್ ಬೆರೆಸಿ ಸುಟ್ಟ ಆ ನೀಲಿ ಹೊಗೆ ಮುಂದಿನಿಂದ ಬಂದರೂ ನಾನು ನೋಡುವುದು ಹಿಂದೆಯೇ.

ಮೊನ್ನೆ ಚಿಕ್ಕೋಡಿ ಬಸ್ ಸ್ಟ್ಯಾಂಡಿನ ಎದುರು ಹೀಗೇ ಆಯಿತು. ಕಬ್ಬು ಹೇರಿದ ಟ್ರ್ಯಾಕ್ಟರೊಂದು ರಸ್ತೆಗೆ ಅಡ್ಡಲಾಗಿ ನಿಂತು, ಅದರ ಹಿಂದೆ ಊರಿಗೆ ಊರೇ ನಿಂತಿತ್ತು. ನಾನು ನನ್ನ ಕರೆಂಟಿನ ಸ್ಕೂಟರ್ ಮೇಲೆ, ಇಂಗ್ಲಿಷ್ ಶಿಕ್ಷಕರ ಸಭೆಗೆ ಹೊರಟವಳು. ಎಲ್ಲಿಂದಲೋ ಆ ಹೊಗೆ ಬಂತು. ತಿರುಗಿದೆ. ಹಿಂದೆ ಬೈಕಿನ ಮೇಲಿದ್ದ ಹಿರಿಯರೊಬ್ಬರು ಕೇಳಿದರು, “ಯಾರನ್ನ ಹುಡಕಾಕತ್ತೀರಿ ಮೇಡಮ್?”

“ಎಮ್ಮಿನ್ರಿ,” ಅಂದುಬಿಟ್ಟೆ.

ಅವರು ಏನೂ ಕೇಳದೆ ತಾವೂ ಒಮ್ಮೆ ಹಿಂದೆ ತಿರುಗಿ ನೋಡಿದರು. ನಮ್ಮ ಕಡೆಯ ಜನರ ಈ ಗುಣ ನನಗೆ ಬಹಳ ಇಷ್ಟ. ಮೊದಲು ಹುಡುಕುತ್ತಾರೆ, ಯಾಕೆ ಎಂದು ಆಮೇಲೆ ಕೇಳುತ್ತಾರೆ. ಟ್ರ್ಯಾಕ್ಟರ್ ಜಾಗ ಬಿಡುವ ಲಕ್ಷಣ ಕಾಣುತ್ತಿಲ್ಲ, ನೀವೂ ಬಂದು ಪಕ್ಕದಲ್ಲಿ ನಿಂತಿದ್ದೀರಿ ಎಂದುಕೊಳ್ಳಿ. ಅಷ್ಟರಲ್ಲಿ ಆ ಎಮ್ಮೆಯ ವಿಷಯ ಹೇಳಿಬಿಡುತ್ತೇನೆ.

ನಾನು ಅಥಣಿ ತಾಲೂಕಿನ ತೆಲಸಂಗದವಳು. ನಮ್ಮೂರಿನ ಬಯಲಿನಲ್ಲಿ ಯಾರಾದರೂ ನಿಮ್ಮನ್ನು ಅಟ್ಟಿಸಿಕೊಂಡು ಬಂದರೆ ಅರ್ಧ ಹರದಾರಿ ದೂರದಿಂದಲೇ ಕಾಣುತ್ತಾರೆ. ಒಂದು ಚಹಾ ಕುಡಿದು ಓಡಲು ಶುರು ಮಾಡಬಹುದು. ಅಂಥ ಊರಿನಿಂದ ಬಂದವಳಿಗೆ ನಿಪ್ಪಾಣಿಯ ಪಕ್ಕದ ಶಾಲೆಯೊಂದರಲ್ಲಿ ಇಂಗ್ಲಿಷ್ ಕಲಿಸುವ ನೌಕರಿ ಸಿಕ್ಕಿತು. ನಿಪ್ಪಾಣಿಯ ಗವಳಿ ಗಲ್ಲಿಯಲ್ಲಿ, ಎಂದರೆ ಎಮ್ಮೆ ಕಟ್ಟಿ ಹಾಲು ಮಾರುವವರ ಓಣಿಯಲ್ಲಿ, ಒಂದು ಬಾಡಿಗೆ ಖೋಲಿ ಹಿಡಿದೆ. ಓಣಿಯ ತುಂಬ ಒಂದು ಕಡೆಯಿಂದ ತಂಬಾಕಿನ ಘಾಟು, ಇನ್ನೊಂದು ಕಡೆಯಿಂದ ಸಗಣಿಯ ವಾಸನೆ. ಮೊದಲ ವಾರ ಸೀನಿದೆ, ಎರಡನೇ ವಾರ ಒಗ್ಗಿಕೊಂಡೆ, ಆಮೇಲೆ ರಜೆಗೆ ಊರಿಗೆ ಹೋದಾಗ ಅಲ್ಲಿಯ ಶುದ್ಧ ಗಾಳಿಯಲ್ಲಿ ಏನೋ ಕಡಿಮೆ ಬಿದ್ದಂತೆ ಅನಿಸತೊಡಗಿತು.

ಆ ವರ್ಷದ ಪಾಠವೊಂದರಲ್ಲಿ ಪೊಲೀಸರು ಕಳ್ಳನನ್ನು ಬೆನ್ನಟ್ಟುವ ಪ್ರಸಂಗವಿತ್ತು. ಎರಡೇ ಪುಟದ ಪಾಠ. ಆದರೆ ನಾನು ಹೊಸ ಬಿಸಿಯ ಶಿಕ್ಷಕಿ, ಅಷ್ಟಕ್ಕೆ ಬಿಡುವವಳೇ? ಬೆನ್ನಟ್ಟುವುದಕ್ಕೆ ಇಂಗ್ಲಿಷಿನಲ್ಲಿ ಎಷ್ಟು ಶಬ್ದಗಳಿವೆ ನೋಡಿರಿ ಎಂದು ಬೋರ್ಡಿನ ಮೇಲೆ ಸಾಲಾಗಿ ಬರೆದೆ: ಫಾಲೋ, ಚೇಸ್, ಟ್ರೇಲ್, ಸ್ಟಾಕ್, ಶ್ಯಾಡೋ, ಹೌಂಡ್, ಪರ್ಸ್ಯೂ. ಬರೆದು ಕೈ ಝಾಡಿಸಿಕೊಂಡು ತಿರುಗಿದರೆ, ಕೊನೆಯ ಬೆಂಚಿನ ರೇಣುಕಾ ಎದ್ದು ನಿಂತಿದ್ದಳು.

“ಬಾಯಾರ, ಎಲ್ಲಾನೂ ಬೆನ್ನ ಹತ್ತೂದ ಅಲ್ಲೇನ್ರಿ?”

“ಹೌದವಾ.”

“ಮತ್ತ ಒಂದ ಕೆಲಸಕ್ಕ ಏಳ ಮಂದಿ ಯಾಕ್ರಿ?”

ಆ ಕಡೆ ಹೆಣ್ಣು ಮಾಸ್ತರಿಗೆ ಬಾಯಾರ ಎನ್ನುತ್ತಾರೆ. ಬಾಯಾರಿಗೆ ಬಾಯಿ ಬರಲಿಲ್ಲ. ನಾಳೆ ಹೇಳುತ್ತೇನೆ ಎಂದು ಮನೆಗೆ ಬಂದು ಡಿಕ್ಷನರಿ ತೆರೆದೆ. ಚೇಸ್ ಎಂದರೆ ಪರ್ಸ್ಯೂ ಎಂದಿತ್ತು. ಪರ್ಸ್ಯೂ ನೋಡಿದೆ, ಫಾಲೋ ಎಂದಿತ್ತು. ಫಾಲೋ ನೋಡಿದರೆ ಅದು ನನ್ನನ್ನು ಮತ್ತೆ ಪರ್ಸ್ಯೂವಿನ ಮನೆಗೆ ಅಟ್ಟಿತು. ನಾಯಿ ತನ್ನ ಬಾಲವನ್ನು ತಾನೇ ಹಿಡಿಯಲು ಸುತ್ತುವುದನ್ನು ನೀವು ನೋಡಿರುತ್ತೀರಿ. ಅಷ್ಟು ದಪ್ಪನೆಯ, ರಟ್ಟಿನ ಹೊದಿಕೆಯ ಪುಸ್ತಕ ಅದನ್ನೇ ಮಾಡುವುದನ್ನು ಅವತ್ತು ನೋಡಿದೆ. ಮರುದಿನ ತರಗತಿಯಲ್ಲಿ, “ಪ್ರತಿಯೊಂದಕ್ಕೂ ಸೂಕ್ಷ್ಮ ವ್ಯತ್ಯಾಸವಿದೆ,” ಎಂದು ಗಂಭೀರವಾಗಿ ಹೇಳಿದೆ. ಮಕ್ಕಳ ಮುಖದಲ್ಲಿ ಎಮ್ಮೆಯ ಮೇಲೆ ಮಳೆ ಸುರಿದ ಭಾವ. ಅವರನ್ನು ದೂರಿ ಫಲವಿಲ್ಲ. ಮನೆಯಲ್ಲಿ ಮರಾಠಿ ಆಡುವವರು ಅರ್ಧ, ಕನ್ನಡ ಆಡುವವರು ಅರ್ಧ. ಕನ್ನಡದವರು ಬೆನ್ನು ಹತ್ತುವುದು ಎನ್ನುತ್ತಾರೆ, ಮರಾಠಿಯವರು ಪಾಠಲಾಗ ಎನ್ನುತ್ತಾರೆ. ಅಲ್ಲೂ ಬೆನ್ನೇ, ಅಲ್ಲೂ ಹತ್ತುವುದೇ. ಗಡಿಯ ಬಗ್ಗೆ ಎಷ್ಟು ಜಗಳವಾಡಿದರೂ ಬೆನ್ನಿನ ವಿಷಯದಲ್ಲಿ ಎರಡೂ ಕಡೆಯವರಿಗೆ ಒಮ್ಮತವಿದೆ.

ಬೋರ್ಡಿನ ಮೂಲೆಯಲ್ಲಿ ಆ ಏಳೂ ಶಬ್ದಗಳು ಹಾಗೇ ಉಳಿದವು. ಅಳಿಸಿದರೆ ಸೋತಂತೆ ಎಂದು ನಾನು ಅಳಿಸಲಿಲ್ಲ.

ಇನ್ನು ಬಾಳೂ ಕಾಕಾ. ನನ್ನ ಖೋಲಿಯ ಎದುರು ಮನೆಯವರು, ಗವಳಿ. ಹೆಂಡತಿ ಶೇವಂತಾ ಕಾಕು. ಕೊಟ್ಟಿಗೆಯಲ್ಲಿ ನಾಲ್ಕಾರು ಎಮ್ಮೆ, ಅವುಗಳಲ್ಲಿ ಒಂದರ ಹೆಸರು ಮೈನಾ. ಮರದ ಕೊಂಬೆಯ ಮೇಲೆ ಕೂರುವ ಹಕ್ಕಿಯ ಹೆಸರನ್ನು, ಕೂತರೆ ಟ್ರ್ಯಾಕ್ಟರ್ ಟ್ರಾಲಿಯೇ ಮುರಿಯುವಂಥ ದೇಹಕ್ಕೆ ಯಾಕೆ ಇಟ್ಟಿರಿ ಎಂದು ಒಮ್ಮೆ ಕೇಳಿದ್ದೆ. “ಸಣ್ಣಾಕಿದ್ದಾಗ ಇಟ್ಟಿದ್ವಿರಿ. ಇಷ್ಟ ದೊಡ್ಡಾಕಿ ಆಗತಾಳಂತ ಯಾರಿಗೆ ಗೊತ್ತಿತ್ತು?” ಅಂದರು.

ಮೈನಾ ಹುಟ್ಟಿದ ಕೆಲ ದಿನಕ್ಕೆ ಅದರ ತಾಯಿ ಸತ್ತಿತಂತೆ. ಊರಿಗೆಲ್ಲ ಹಾಲು ಹಾಕಿ ಕಾಕಾ ಮೊಪೆಡ್ ಮೇಲೆ ಮರಳುವಾಗ, ಕ್ಯಾನಿನಲ್ಲಿ ಅವಳ ಪಾಲು ಉಳಿಸಿಕೊಂಡು ಬಂದು ಬಾಟಲಿಯಿಂದ ಕುಡಿಸುತ್ತಿದ್ದರು. ಅಂದಿನಿಂದ ಆ ಕರು ಕಾಕಾನ ಬಾಲಂಗೋಚಿಯಾಯಿತು. ಕಾಕಾ ಮೊಪೆಡ್ ಮೇಲೆ ಹೊರಟರೆ ಹಿಂದೆ ಅದು. ಕೆರೆಗೆ ಹೊರಟರೂ ಅದು, ನೆಂಟರ ಮನೆಗೆ ಹೊರಟರೂ ಅದು.

ಗವಳಿಗರಲ್ಲಿ ಇದು ಸಣ್ಣ ಮಾತಲ್ಲ. ದೀಪಾವಳಿಯ ಪಾಡ್ಯದ ದಿನ ಅವರು ಎಮ್ಮೆಗಳ ಮೈ ಬೋಳಿಸಿ, ಕೋಡಿಗೆ ಬಣ್ಣ ಹಚ್ಚಿ, ನವಿಲುಗರಿ ಕಟ್ಟಿ, ಕೊರಳಿಗೆ ಕವಡೆಯ ಪಟ್ಟಿ, ಕಾಲಿಗೆ ಗೆಜ್ಜೆ ತೊಡಿಸಿ ಓಣಿಗೆ ತರುತ್ತಾರೆ. ಯಜಮಾನ ಸೈಲೆನ್ಸರ್ ಬಿಚ್ಚಿದ ಗಾಡಿಯ ಮೇಲೆ ಕಿವಿ ಕಿತ್ತುಹೋಗುವ ಸದ್ದು ಮಾಡುತ್ತ ಮುಂದೆ. ಅವನ ಎಮ್ಮೆ ಹಗ್ಗವಿಲ್ಲದೆ, ಕೋಲಿಲ್ಲದೆ, ಅವನ ಬೆನ್ನು ಹತ್ತಿ ಹಿಂದೆ. ಸಾವಿರ ಜನರ ಗದ್ದಲದಲ್ಲೂ ತನ್ನವನನ್ನು ಬಿಡದೆ ಓಡುವ ಎಮ್ಮೆಯೇ ಎಮ್ಮೆ. ಕಾಕಾನ ಬೆನ್ನು ಹತ್ತಿ ಮೈನಾ ಓಡುವುದನ್ನು ನೋಡಲು ಕರೋಶಿ, ಅಂಕಲಿಗಳಿಂದ ಬೀಗರು ಬರುತ್ತಿದ್ದರು. ಆ ದಿನ ಕಾಕಾ ತಲೆಗೆ ಗುಲಾಬಿ ರುಮಾಲು ಸುತ್ತಿ, ಒಮ್ಮೆಯೂ ಹಿಂದೆ ನೋಡದೆ ಗಾಡಿ ಓಡಿಸುತ್ತಿದ್ದರಂತೆ. ನೋಡುವುದೇ ಅವಮಾನ. ಬಂದೇ ಬರುತ್ತಾಳೆ ಎಂಬ ಭರವಸೆ.

ನಾನು ನಿಪ್ಪಾಣಿಗೆ ಬಂದ ವರ್ಷವೇ ಕಾಕಾನ ಕಣ್ಣು ಕೈಕೊಟ್ಟಿತು. ಆಪರೇಶನ್ ಆದ ಮೇಲೂ ದೂರದ್ದು ಮಸುಕು. ಒಂದು ಬೆಳಿಗ್ಗೆ ಲೈಟ್ ಕಂಬಕ್ಕೆ ರಾಮ ರಾಮ ಹೇಳಿ, ಅದು ಮರಳಿ ಹೇಳಲಿಲ್ಲವೆಂದು ಸಿಟ್ಟಾದರು. ಇನ್ನೊಂದು ದಿನ ಮೊಪೆಡ್ ಸಮೇತ ಯಾರದೋ ಮದುವೆಯ ಚಪ್ಪರದೊಳಗೆ ಹೊಕ್ಕು, ಊಟದ ಪಂಕ್ತಿಯ ನಡುವೆ ಹಾದು, ಹಿಂದಿನ ಬಾಗಿಲಿನಿಂದ ಹೊರಬಿದ್ದರು. ಹಿಂದೆ ಮೈನಾ ಕೂಡ. ಅವತ್ತು ಕಾಕು ಕೀಲಿ ಕಿತ್ತುಕೊಂಡು ನೇರ ನನ್ನ ಖೋಲಿಗೆ ಬಂದರು.

“ಬಾಯಾರ, ಬಸ್ಸಿಗೆ ನಿಂತ ನಿಂತ ಕಾಲ ಸವಸಾಕತ್ತೀರಿ. ಈ ಗಾಡಿ ನೀವ ತಗೋರಿ. ಮನ್ಯಾಗ ಇದ್ದರ ಇವ್ರ ಕೈ ಕೇಳೂದಿಲ್ಲ.”

ಹಾಗೆ ಆ ಮೊಪೆಡ್ ನನ್ನದಾಯಿತು. ಅದರ ಸದ್ದು ವಿಚಿತ್ರ: ಫಟ್ ಫಟ್ ಫಟ್ ಎಂದು ಹೋಗಿ ನಡುವೆ ಒಂದು ಬಿಕ್ಕಳಿಕೆ, ಫಟಾಕ್. ಮತ್ತೆ ಫಟ್ ಫಟ್. ಕಾಕಾನೇ ಪಕ್ಕದಲ್ಲಿ ನಡೆದು ನನಗೆ ಕಲಿಸಿದರು. ಅವರಿಗೆ ರಸ್ತೆ ಕಾಣದು, ನನಗೆ ಬ್ರೇಕ್ ಗೊತ್ತಿಲ್ಲ. ಆದರೂ ಇಬ್ಬರೂ ಪಾಸಾದೆವು.

ನಾನು ಒಬ್ಬಳೇ ಶಾಲೆಗೆ ಹೊರಟ ಮೊದಲ ದಿನ. ಓಣಿ ದಾಟುವಷ್ಟರಲ್ಲಿ ಹಿಂದೆ ಏನೋ ದಡದಡ. ತಿರುಗಿದರೆ ಮೈನಾ, ಕೊರಳಲ್ಲಿ ಕಿತ್ತ ಹಗ್ಗ, ಹಗ್ಗದ ತುದಿಗೆ ಗೂಟ. ನಾನು ನಿಂತರೆ ನಿಲ್ಲುವುದು, ಹೊರಟರೆ ಹೊರಡುವುದು. ಹೆದರಿ ಆಕ್ಸಿಲರೇಟರ್ ತಿರುವಿದೆ. ಅದು ಬಾಲ ಎತ್ತಿತು. ಎಮ್ಮೆ ನಿಧಾನದ ಪ್ರಾಣಿ ಎಂದು ನಿಮಗೆ ಯಾರು ಹೇಳಿದ್ದಾರೋ, ಅವರು ಅದನ್ನು ಕನ್ನಡಿಯಲ್ಲಿ ನೋಡಿಲ್ಲ. ನಾನು ಶಾಲೆಯ ಮೈದಾನಕ್ಕೆ ನುಗ್ಗಿದಾಗ ಪ್ರಾರ್ಥನೆ ನಡೆದಿತ್ತು. ಸಾಲಾಗಿ ನಿಂತ ಮಕ್ಕಳು ಎರಡು ಭಾಗವಾಗಿ ದಾರಿ ಬಿಟ್ಟರು. ನಡುವೆ ನಾನು, ನನ್ನ ಹಿಂದೆ ಎಮ್ಮೆ, ಅದರ ಹಿಂದೆ ಗೂಟ. ಹಾಡು ನಿಲ್ಲಲಿಲ್ಲ. ಶಿಸ್ತಿನ ಶಾಲೆ.

ಮಧ್ಯಾಹ್ನ ತರಗತಿಯಲ್ಲಿ ರೇಣುಕಾ ಎದ್ದಳು. “ಬಾಯಾರ, ಓಣ್ಯಾಗ ನೀವ ಸಾವಕಾಶ ಬರಾಕತ್ತಿದ್ರಿ, ಅದೂ ಸಾವಕಾಶ ಬಂತು. ಅದು ಫಾಲೋ ಅಲ್ಲೇನ್ರಿ? ನೀವ ಅಂಜಿ ಓಡಿಸಿದ್ರಿ, ಅದೂ ಓಡಿತು. ಅದು ಚೇಸ್. ಚೇಸ್ ಆಗಬೇಕಂದ್ರ ಇಬ್ರೂ ಓಡಬೇಕ್ರಿ.”

ಇಡೀ ತರಗತಿ ಹೌದು ಹೌದು ಎಂದಿತು. ಏಳರಲ್ಲಿ ಎರಡರ ಪಕ್ಕ ಸರಿ ಗುರುತು ಬಿತ್ತು. ಕೋಣನ ಮುಂದೆ ಕಿನ್ನರಿ ಬಾರಿಸಿದ್ದಾಯಿತು ಎಂದು ಕೈಚೆಲ್ಲಿದ್ದ ನನಗೆ ಎಮ್ಮೆಯೇ ಬಂದು ಕಿನ್ನರಿ ಬಾರಿಸಿತ್ತು.

ಮುಂದೆ ಅದು ನಿತ್ಯದ ಮಾತಾಯಿತು. ಎಷ್ಟು ಗಟ್ಟಿ ಹಗ್ಗ ಕಟ್ಟಿದರೂ ಆ ಫಟಾಕ್ ಕೇಳಿದರೆ ಮೈನಾ ಹರಿದುಕೊಂಡು ಬರುವುದೇ. ಒಮ್ಮೆ ಗಾಡಿಯನ್ನು ಗ್ಯಾರೇಜಿನಲ್ಲಿ ಬಿಟ್ಟು ನಾನು ನಡೆದು ಮನೆಗೆ ಬಂದೆ. ದಾರಿಯುದ್ದ ಸೋರಿದ ಆಯಿಲಿನ ಹನಿಗಳನ್ನು ಮೂಸುತ್ತ ಅದು ಗ್ಯಾರೇಜ್ ಮುಟ್ಟಿತು. ಮೆಕ್ಯಾನಿಕ್ ಟೈರುಗಳ ರಾಶಿ ಹತ್ತಿ ಕೂತ. ಮಕ್ಕಳು ಟ್ರೇಲ್ ಶಬ್ದಕ್ಕೆ ಗುರುತು ಹಾಕಿಸಿದರು. ಇನ್ನೊಮ್ಮೆ ನಾನು ತಂಬಾಕಿನ ಗೋದಾಮಿನ ಸುತ್ತು ಹಾಕಿ ತಪ್ಪಿಸಿಕೊಂಡೆನೆಂದು ಬೀಗುವಷ್ಟರಲ್ಲಿ, ಗೋಡೆಯ ಹಿಂದೆ ಮುಖ ಮರೆಸಿ ನಿಂತ ಮೈನಾ ಕಂಡಳು. ಮುಖ ಗೋಡೆಯ ಹಿಂದೆ ಇದ್ದರೆ ಉಳಿದ ಎಮ್ಮೆಯೂ ಕಾಣುವುದಿಲ್ಲವೆಂದು ಆಕೆಯ ನಂಬಿಕೆ. ಸ್ಟಾಕ್ ಮುಗಿಯಿತು. ಹೌಂಡ್ ಎಂದರೆ ನಾಯಿಯದಲ್ಲವೇ, ಎಮ್ಮೆಗೆ ನಡೆಯುತ್ತದೆಯೇ ಎಂದು ಒಂದು ತಾಸು ವಾದವಾಗಿ, ಬಿಡದೆ ಕಾಡಿದರೆ ಯಾರಾದರೇನು ಎಂದು ತೀರ್ಪಾಯಿತು. ಕಿಟಕಿಯ ಹೊರಗೆ ಮೊಪೆಡ್ಡಿಗೆ ಮೈ ತಾಗಿಸಿ, ಅದರ ನೆರಳೇ ಆದಂತೆ ಮೈನಾ ನಿಲ್ಲುತ್ತಿದ್ದುದರಿಂದ ಶ್ಯಾಡೋಗೆ ಪ್ರತ್ಯೇಕ ಉದಾಹರಣೆ ಬೇಕಾಗಲಿಲ್ಲ. “ಬಾಯಾರ, ನಿಮ್ಮ ಕ್ಲಾಸಿನ ಹಾಜರಿ ಒಂದ ಹೆಚ್ಚ ಬರಾಕತ್ತೈತಿ,” ಎಂದರು ಹೆಡ್ ಮಾಸ್ತರರು.

ಪರ್ಸ್ಯೂ ಒಂದು ಉಳಿಯಿತು. ಬೇಕೆಂದದ್ದನ್ನು ಪಟ್ಟು ಹಿಡಿದು ಅರಸಿ ಹೋಗುವ ಆ ಶಬ್ದಕ್ಕೆ ಏನು ಮಾಡಿದರೂ ಎಮ್ಮೆ ಸಿಗಲಿಲ್ಲ.

ಈ ನಡುವೆ, ನಿಪ್ಪಾಣಿಯಲ್ಲಿ ಬಾಯಾರ ಬೆನ್ನು ಯಾರೋ ಹತ್ತಿದ್ದಾರಂತೆ ಎಂಬ ಸುದ್ದಿ ರಾಯಬಾಗದ ನಮ್ಮ ಚಿಕ್ಕಮ್ಮನ ಮನೆ ಮುಟ್ಟಿ, ಕಾಗವಾಡದ ಮಾವನ ಮನೆ ದಾಟಿ, ತೆಲಸಂಗ ತಲುಪುವ ಹೊತ್ತಿಗೆ ಬೆನ್ನು ಹತ್ತಿದವನಿಗೆ ಮೀಸೆ ಬಂದಿತ್ತು, ಕರಿ ಮೈಬಣ್ಣವೂ ಬಂದಿತ್ತು. ಬಣ್ಣ ಮಾತ್ರ ಸರಿ. ಮರುದಿನವೇ ಅಣ್ಣ ಬಡಿಗೆ ಹಿಡಿದು ಬಂದಿಳಿದ.

“ಎಲ್ಲಿ ಅದಾನ ಆ ಮಗಾ? ತೋರಸ!”

ತೋರಿಸಿದೆ. ಅಣ್ಣ ಬಡಿಗೆ ಎತ್ತಿದ. ಮೈನಾ ಅದರ ತುದಿಯನ್ನು ಪ್ರೀತಿಯಿಂದ ನೆಕ್ಕಿದಳು. ಬಡಿಗೆ ಕೆಳಗಿಳಿಸಿ ಅಣ್ಣ ಅಂದ, “ಎಷ್ಟ ಲೀಟರ್ ಕೊಡತೈತಿ?” ಸಂಜೆ ಬಸ್ಸಿಗೆ ಊರಿಗೆ ಹೊರಟಾಗ ಕೈಯಲ್ಲಿ ಬಡಿಗೆಯ ಬದಲು ಗಿಣ್ಣದ ಡಬ್ಬಿ ಇತ್ತು.

ಎಲ್ಲರೂ ನಕ್ಕೆವು. ನಗದವರು ಒಬ್ಬರೇ, ಬಾಳೂ ಕಾಕಾ.

ನನಗೆ ಅದು ಹೊಳೆಯಲು ಬಹಳ ದಿನ ಹಿಡಿಯಿತು. ಮೊದಮೊದಲು ಅವರು ಹಗ್ಗ ಹಿಡಿದು ಬಂದು ಮೈನಾಳನ್ನು ಶಾಲೆಯಿಂದ ಕರೆದೊಯ್ಯುತ್ತಿದ್ದರು. ಆಮೇಲೆ ಕಾಕುವನ್ನು ಕಳಿಸತೊಡಗಿದರು. ಹಿಂಡುವಾಗ ಮೈನಾಳೊಂದಿಗೆ ಆಡುತ್ತಿದ್ದ ಮಾತು ನಿಂತಿತು. ಒಂದು ಸಂಜೆ ಹಾಲಿಗೆ ಹೋದಾಗ ಕಟ್ಟೆಯ ಮೇಲೆ ಕೂತವರು ನನ್ನ ಕಡೆ ನೋಡದೆ ಅಂದರು:

“ಕರ ಇದ್ದಾಗಿಂದ ಅಕಿ ನನ್ನ ಬೆನ್ನ ಹತ್ತ್ಯಾಳಂತ ಊರ ತುಂಬ ಹೇಳಕೋಂತ ಬಂದೆರಿ. ಈಗ ನೋಡಿದ್ರ ಗಾಡಿ ಬೆನ್ನ ಹತ್ತಿದ್ಲು. ಹಂಗಾದ್ರ ಇಷ್ಟ ವರ್ಷ ನಾ ಯಾರ್ರಿ? ಬರೇ ಡ್ರೈವರ್!”

ನಗು ಬಂತು. ಬಾಯಿಯವರೆಗೆ ಬಂದ ನಗು, ಅವರ ಮುಖ ನೋಡಿ ಹಾಗೇ ನಿಂತಿತು. ಕಾಕಾ ಅಳುತ್ತಿದ್ದರು. ಮಕ್ಕಳಿಲ್ಲದ ಮನೆ ಅದು. ಬಂದೇ ಬರುತ್ತಾಳೆ ಎಂದು ಒಮ್ಮೆಯೂ ಹಿಂದೆ ನೋಡದ ಮನುಷ್ಯ, ಈಗ ಆ ಎಲ್ಲ ಪಾಡ್ಯಗಳನ್ನೂ ಹಿಂದಿರುಗಿ ನೋಡುತ್ತ ಕೂತಿದ್ದರು. ಓಣಿಯವರು ಸುಮ್ಮನಿದ್ದಾರೆಯೇ? “ಡ್ರೈವರ್ ಕಾಕಾ” ಎಂಬ ಹೆಸರು ಅದಾಗಲೇ ಬಿದ್ದಿತ್ತು. ಗಾಡಿ ವಾಪಸ್ ತಗೊಳ್ಳಿ ಕಾಕಾ ಎಂದೆ. “ತಗೊಂಡ ಏನ ಮಾಡ್ಲಿ? ಗಾಡಿ ಮ್ಯಾಲ ಕೂತಾಗ ಬಂದ್ರ ಅದು ನನಗಲ್ಲ ಅಂತ ಗೊತ್ತಾತಲ್ಲರಿ,” ಎಂದರು.

ಪಾಡ್ಯ ಹತ್ತಿರ ಬಂದಾಗ ಅವರೇ ಒಂದು ಪರೀಕ್ಷೆ ಗೊತ್ತು ಮಾಡಿದರು.

“ಓಣಿ ತುದಿಗೆ ರಸ್ತಾ ಎರಡ ಆಗತೈತಲ್ಲ, ಅಲ್ಲಿಂದ ನೀವ ಗಾಡಿ ತಗೊಂಡ ಎಡಕ್ಕ ಹೋಗ್ರಿ. ನಾ ನಡಕೋಂತ ಬಲಕ್ಕ ಹೋಗತೀನಿ. ಅಕಿ ಯಾರ ಬೆನ್ನ ಹತ್ತತಾಳ ನೋಡೂಣು.”

“ಯಾಕ ಬೇಕ್ರಿ ಕಾಕಾ ಇದೆಲ್ಲಾ?”

“ತಿಳೀಬೇಕ್ರಿ ನನಗ. ನೀವ ನಡುವ ಗಾಡಿ ಗೀಡಿ ನಿಲ್ಲಿಸಿದ್ರ ನನ್ನ ಆಣಿ ಐತಿ ನೋಡ್ರಿ.”

ಒಳಗಿನಿಂದ ಕಾಕು ಅಂದರು, “ಲಗ್ನ ಆದಾಗಿಂದ ನಂದ ಒಮ್ಮೆರೆ ಹಿಂಗ ಪರೀಕ್ಷಾ ಮಾಡ್ಯಾರೇನು ಕೇಳ್ರಿ ಬಾಯಾರ.”

ನಗಬೇಡಿ. ನೀವಾದರೂ ಏನು ಮಾಡುತ್ತಿದ್ದಿರಿ? ಪಾಡ್ಯದ ಬೆಳಿಗ್ಗೆ ನಾನು ಸೀರೆಯ ಸೆರಗು ಬಿಗಿದು, ಸೈಲೆನ್ಸರ್ ಬಿಚ್ಚಿದ ಮೊಪೆಡ್ ಮೇಲೆ ಗವಳಿ ಗಲ್ಲಿಯ ನಡುವೆ ಕೂತಿದ್ದೆ. ಶಾಲೆಯ ಮಕ್ಕಳೆಲ್ಲ ಹಾಜರು. ಮೈನಾ ಎಣ್ಣೆ ಹಚ್ಚಿಸಿಕೊಂಡು ಮಿರಿಮಿರಿ ಮಿಂಚುತ್ತಿದ್ದಳು, ಕೋಡಿಗೆ ಗುಲಾಬಿ ಬಣ್ಣ, ಕಾಕಾನ ರುಮಾಲಿನದೇ ಬಣ್ಣ. ಕಾಕಾ ಅವಳ ಹಣೆಗೆ ಅರಿಶಿನದ ಭಂಡಾರ ಹಚ್ಚಿದರು, ಆದರೆ ಮಾತಾಡಿಸಲಿಲ್ಲ. ಜೇಬಿನಲ್ಲಿ ಬೆಲ್ಲವಿತ್ತು, ಅದನ್ನೂ ಕೊಡಲಿಲ್ಲ. ಲಂಚ ಕೊಟ್ಟಂತಾಗುತ್ತದಲ್ಲ.

ಗಾಡಿ ಶುರು ಮಾಡಿದೆ. ಸೈಲೆನ್ಸರ್ ಇಲ್ಲದ ಆ ಫಟಾಕಿಗೆ ಮಾಳಿಗೆಯ ಪಾರಿವಾಳಗಳೆಲ್ಲ ಎದ್ದವು. ಓಣಿಯ ತುದಿ ಬಂತು. ನಾನು ಎಡಕ್ಕೆ ತಿರುಗಿದೆ. ಕಾಕಾ ತಲೆ ಎತ್ತಿ, ಹಿಂದೆ ನೋಡದೆ, ಬಲಕ್ಕೆ ನಡೆದರು. ಮೈನಾ ನಡುವೆ ನಿಂತಳು. ಸತ್ಯವಾಗಿ ಹೇಳುತ್ತೇನೆ, ನಾನು ಇಂಥ ಪ್ರಾರ್ಥನೆಯನ್ನು ನನ್ನ ಪರೀಕ್ಷೆಗಳಿಗೂ ಮಾಡಿಲ್ಲ: ತಾಯಿ, ಬಲಕ್ಕೆ ಹೋಗು, ಬಲಕ್ಕೆ.

ಮೈನಾ ಒಮ್ಮೆ ಬಲಕ್ಕೆ ನೋಡಿದಳು. ಫಟಾಕ್ ಎಂದಿತು ಗಾಡಿ. ಬಾಲ ಎತ್ತಿ ನನ್ನ ಹಿಂದೆ ಓಡಿ ಬಂದಳು.

ಜನ ಹೋ ಎಂದರು. ನಾನು ಕನ್ನಡಿಯಲ್ಲಿ ನೋಡಿದೆ. ಗುಲಾಬಿ ರುಮಾಲು ದೂರದಲ್ಲಿ ಒಂಟಿಯಾಗಿ ನಿಂತಿತ್ತು. ಕಾಕಾನಿಗೆ ಅಷ್ಟು ದೂರದ್ದು ಏನೂ ಕಾಣುತ್ತಿರಲಿಲ್ಲ, ಆದರೆ ಗೆಜ್ಜೆಯ ಸದ್ದು ದೂರವಾಗುವುದು ಕೇಳುತ್ತಿತ್ತು. ಆಮೇಲೆ ಆದದ್ದನ್ನು ಗವಳಿ ಗಲ್ಲಿ ಇವತ್ತಿಗೂ ಹೇಳಿಕೊಳ್ಳುತ್ತದೆ: ಬಾಳೂ ಕಾಕಾ ತಿರುಗಿ ಓಡತೊಡಗಿದರು. “ಮೈನಾ! ಏ ಮೈನಾ! ನಿಂದರಲೇ!” ರುಮಾಲು ಬಿಚ್ಚಿ ಬಿತ್ತು, ಚಪ್ಪಲಿ ಕಳಚಿತು. ಅವರ ಹಿಂದೆ ಆ ಚಪ್ಪಲಿ ಹಿಡಿದು ಕಾಕು: “ಅಹೋ! ಕಲ್ಲ ಅದಾವ, ಬೀಳತೀರಿ!” ಅವರ ಹಿಂದೆ ರೇಣುಕಾ ಮತ್ತು ಇಡೀ ತರಗತಿ, ಅವರ ಹಿಂದೆ ತಾಳ ತಪ್ಪಿದ ಹಲಗೆಯವರು. ಎಲ್ಲರ ಮುಂದೆ ಇಂಗ್ಲಿಷ್ ಬಾಯಾರು. ಆಣೆ ಹಾಕಿಸಿಕೊಂಡವಳು ನಾನು, ನಿಲ್ಲಿಸುವಂತಿಲ್ಲ.

ನಿಲ್ಲಿಸಿದ್ದು ಗಾಡಿಯೇ. ಏರಿನ ಮೇಲೆ ಒಂದು ಸಲ ಕೆಮ್ಮಿ ಸುಮ್ಮನಾಯಿತು. ಬಗ್ಗಿ ನೋಡಿದೆ, ಪೆಟ್ರೋಲಿನ ಚಾವಿ ಬಂದ್ ಆಗಿತ್ತು; ನಳಿಗೆಯಲ್ಲಿ ಉಳಿದಿದ್ದ ಹನಿಯ ಮೇಲೆ ಇಷ್ಟು ದೂರ ಓಡಿತ್ತು. ಬೆಳಿಗ್ಗೆ ಗಾಡಿಗೆ ಕುಂಕುಮ ಹಚ್ಚಲು ಬಗ್ಗಿದವರು ಕಾಕು ಒಬ್ಬರೇ. ಕಾಕಾ ಆಣೆ ಹಾಕಿದ್ದು ನನಗೆ ಮಾತ್ರ, ಹೆಂಡತಿಗಲ್ಲ.

ಸದ್ದು ನಿಂತ ಮೇಲೆ ಮೈನಾ ಗಾಡಿಯನ್ನು ಮೂಸಿದಳು, ನನ್ನನ್ನು ಮೂಸಿದಳು. ಅಲ್ಲೇನೂ ಇಲ್ಲವೆಂಬಂತೆ ಮುಖ ತಿರುಗಿಸಿದಳು. ಕಾಕಾ ಗೆಜ್ಜೆಯ ಜಾಡು ಹಿಡಿದು ಏದುಸಿರು ಬಿಡುತ್ತ ಬಂದು, ಎರಡೂ ಕೈ ಚಾಚಿ, ಮೊದಲು ಮೊಪೆಡ್ಡಿನ ಹ್ಯಾಂಡಲ್ ತಬ್ಬಿಕೊಂಡರು. ನಾನು ಅವರ ಕೈ ಹಿಡಿದು ಕೋಡಿನ ಮೇಲೆ ಇಟ್ಟೆ. ಅವರು ಅವಳ ಕೊರಳಿಗೆ ಜೋತುಬಿದ್ದರು. ಮೈನಾ ಮೂತಿಯನ್ನು ಅವರ ಅಂಗಿಯ ಜೇಬಿಗೆ ತೂರಿಸಿದಳು.

“ಬೆಲ್ಲಕ್ಕ ಬಂದಾಳ್ರಿ ಕಾಕಾ ಅಕಿ!” ಎಂದು ಯಾರೋ ಓಣಿಯವರು ಕೂಗಿದರು.

ಕಾಕಾ ನಗಾಡಿದರು. ತಿಂಗಳುಗಳ ಮೇಲೆ ಕೇಳಿದ ನಗು ಅದು. “ಬೆಲ್ಲಕ್ಕರೆ ಬರ್ಲಿ, ಗಾಡಿಗ್ಯರೆ ಬರ್ಲಿ. ಇಷ್ಟ ವರ್ಷ ಅಕಿ ಓಡಿದ್ಲು, ನಾ ಬರೇ ಮುಂದ ಕೂತಿದ್ನಿ. ಇವತ್ತ ನಾ ಓಡೀನಿ. ಅಕಿ ಯಾರ ಬೆನ್ನ ಹತ್ತ್ಯಾಳೋ ಅಕಿಗೇ ಗೊತ್ತು. ನಾ ಯಾರ ಬೆನ್ನ ಹತ್ತೀನಂತ ನನಗ ಗೊತ್ತಾತಲ್ಲ, ಸಾಕ.”

ಕಾಕು ಬಗ್ಗಿ ಅವರ ಕಾಲ ಬಳಿ ಚಪ್ಪಲಿ ಇಟ್ಟರು. ಅವರು ಯಾರ ಬೆನ್ನು ಹತ್ತಿ ಬಂದಿದ್ದರೆಂದು ಯಾರೂ ಕೇಳಲಿಲ್ಲ. ಮರಳುವಾಗ ಮೈನಾ ಮುಂದೆ, ಬಾಲ ಹಿಡಿದು ಕಾಕಾ ಹಿಂದೆ, ಎಲ್ಲರ ಹಿಂದೆ ಗಾಡಿ ತಳ್ಳಿಕೊಂಡು ನಾನು. ಡ್ರೈವರ್ ಎಂಬ ಹೆಸರು ಅವತ್ತೇ ನನಗೆ ವರ್ಗವಾಯಿತು. ರಜೆ ಮುಗಿದು ಶಾಲೆ ತೆರೆದ ದಿನ ನಾನು ತರಗತಿಗೆ ಹೋಗುವಷ್ಟರಲ್ಲಿ, ಬೋರ್ಡಿನ ಮೂಲೆಯಲ್ಲಿ ಉಳಿದಿದ್ದ ಏಳನೆಯ ಶಬ್ದ ಪರ್ಸ್ಯೂವಿನ ಪಕ್ಕ ಯಾರೋ ಸರಿ ಗುರುತು ಹಾಕಿಬಿಟ್ಟಿದ್ದರು.

ಅದೆಲ್ಲ ಆಗಿ ವರ್ಷಗಳಾದವು. ನನಗೆ ವರ್ಗವಾಗಿ ಚಿಕ್ಕೋಡಿ ಕಡೆ ಬಂದೆ, ಮೊಪೆಡ್ ಗುಜರಿಗೆ ಹೋಯಿತು. ಈಗಿನ ನನ್ನ ಸ್ಕೂಟರಿಗೆ ಸದ್ದೇ ಇಲ್ಲ. ಇದರ ಬೆನ್ನು ಹತ್ತಲು ಯಾವ ಎಮ್ಮೆಗೂ ಮನಸ್ಸಾಗದು. ಪ್ರತಿ ಪಾಡ್ಯಕ್ಕೆ ಕಾಕಾನ ಫೋನು ತಪ್ಪದೆ ಬರುತ್ತಿತ್ತು. ಈ ಸಲ ಬರಲಿಲ್ಲ. ಬರುತ್ತದೆ, ಬಂದೇ ಬರುತ್ತದೆ ಎಂದು ಕಾಯುತ್ತ ಕೂತಿದ್ದೆ. ನಾನಾಗಿ ಮಾಡಬಹುದೆಂದು ಹೊಳೆದೇ ಇರಲಿಲ್ಲ. ಚಿಕ್ಕೋಡಿಯ ಆ ಹೊಗೆಯಲ್ಲಿ, ಹಿಂದೆ ತಿರುಗಿ, ಆ ಹಿರಿಯರೂ ತಿರುಗಿ, ಇಬ್ಬರಿಗೂ ಏನೂ ಕಾಣದೆ ಹೋದಾಗ ಅದು ಹೊಳೆಯಿತು. ಅಲ್ಲೇ ಫೋನು ತೆಗೆದೆ.

ಕಾಕು ಎತ್ತಿದರು. “ಕಾಕಾ ಆರಾಮ ಅದಾರೇನ್ರಿ?” ಎಂದು ಒಮ್ಮೆಲೇ ಕೇಳಿದೆ.

“ಅವ್ರಿಗೆ ಏನಾಗೇತ್ರಿ? ಮೈನಾನ ಮೊಮ್ಮಗಳ ಹುಟ್ಟ್ಯಾಳ. ಅದರ ಬೆನ್ನ ಹತ್ತಿ ಓಣಿ ಓಣಿ ತಿರಗಾಕತ್ತಾರ. ಫೋನ್ ಕೊಟ್ರ ಪುರಸೊತ್ತಿಲ್ಲ ಅಂತಾರ. ಮೈನಾ ಮುದಿಕ್ಯಾಗ್ಯಾಳ ಪಾಪ, ಕಟ್ಟಿದಲ್ಲೇ ಇರತಾಳ. ನೀವ ಯಾವಾಗ ಬರತೀರಿ?”

ಅಷ್ಟರಲ್ಲಿ ಟ್ರ್ಯಾಕ್ಟರ್ ಸರಿಯಿತು. ಹಿಂದಿನ ಹಿರಿಯರು ಹಾರ್ನ್ ಹೊಡೆದರು, “ನಡೀರಿ ಮೇಡಮ್, ಎಮ್ಮಿ ಸಿಗತೈತಿ.” ಸಭೆಗೆ ನೇರ ಹೋಗಬೇಕಿತ್ತು. ನಾನು ನಿಪ್ಪಾಣಿಯ ರಸ್ತೆಗೆ ತಿರುಗಿದೆ. ಕರೆಂಟಿನ ಗಾಡಿ ಸದ್ದಿಲ್ಲದೆ ಓಡುತ್ತಿತ್ತು. ಕಟ್ಟಿದಲ್ಲೇ ಇರುವ ಮುದುಕಿಗೆ ಬಂದವರು ಯಾರೆಂದು ಗೊತ್ತಾಗಬೇಕಲ್ಲ. ಹೆಲ್ಮೆಟ್ಟಿನ ಗಾಜು ಇಳಿಸಿಕೊಂಡು, ಯಾರಿಗೂ ಕೇಳದಂತೆ, ದಾರಿಯುದ್ದಕ್ಕೂ ಅಭ್ಯಾಸ ಮಾಡಿಕೊಂಡೆ: ಫಟ್ ಫಟ್ ಫಟ್, ಫಟಾಕ್.